ಕಿಟಕಿಯ ಕಡೆಯ ಕೆನ್ನೆ

ಚಿತ್ರಶಾಲೆಯಲ್ಲಿ ಅವಳನ್ನು ಎಲ್ಲರೂ ಕುರ್ಚಿ ದೊಡ್ಡಮ್ಮ ಎಂದೇ ಕರೆಯುತ್ತಿದ್ದರು. ಸೇರಿದ್ದು ಮಾತ್ರ ಕಸ ಗುಡಿಸಲು. ಒಂದು ಮಧ್ಯಾಹ್ನ ಚಿತ್ರಕ್ಕೆ ಮಾದರಿಯಾಗಿ ಕೂರಬೇಕಾದ ಮುದುಕ ಬರಲಿಲ್ಲವೆಂದು ಹಳೆಯ ಮೇಷ್ಟ್ರು, "ಪೊರಕೆ ಆ ಕಡೆ ಇಡಮ್ಮ, ಒಂದು ಗಂಟೆ ಕೂತ್ಕೋ" ಅಂದಿದ್ದರು. ಆ ಒಂದು ಗಂಟೆ ಹದಿನಾಲ್ಕು ವರ್ಷವಾಯಿತು. ಬೆಳಿಗ್ಗೆ ಗುಡಿಸುವುದು, ಮಧ್ಯಾಹ್ನ ಎರಡರಿಂದ ನಾಲ್ಕರವರೆಗೆ ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಅಲುಗಾಡದೆ ಕೂರುವುದು.

ಅವಳ ಗಂಡ ದರ್ಜಿ. "ಮನೇಲಿ ಎರಡು ನಿಮಿಷ ಬಾಯಿ ಮುಚ್ಚಲ್ಲ. ಅಲ್ಲಿ ಎರಡು ಗಂಟೆ ಅದು ಹೇಗೆ ಕೂರ್ತೀಯೇ?" ಎಂದು ಹೊಲಿಗೆ ಯಂತ್ರದ ಹಿಂದಿನಿಂದ ಕೇಳುತ್ತಿದ್ದ.

"ಅಲ್ಲಿ ನನ್ನ ಮುಖ ನೋಡೋಕೆ ಇಪ್ಪತ್ತು ಜನ ಇದಾರೆ. ಇಲ್ಲಿ ಯಾರಿದಾರೆ?"

ಅವನು ತಲೆ ಎತ್ತದೆ ಸೂಜಿಗೆ ದಾರ ಪೋಣಿಸುತ್ತಿದ್ದ. ಅವಳ ಮಾತಿಗೆ ಬೇರೆ ಸಾಕ್ಷಿ ಬೇಕಾಗಿರಲಿಲ್ಲ.

ಕೂತು ಕೂತು ದೊಡ್ಡಮ್ಮನಿಗೆ ತನ್ನ ಮುಖ ಬಾಯಿಪಾಠವಾಗಿತ್ತು. ಕಿಟಕಿ ಅವಳ ಬಲಕ್ಕೆ. ಹಾಗಾಗಿ ಬಲಗೆನ್ನೆ ಬೆಳಕು, ಎಡಗೆನ್ನೆ ನೆರಳು, ನಡುವೆ ಕೆನ್ನೆಮೂಳೆಯಿಂದ ಬಾಯಿಯ ಮೂಲೆಗೆ ಇಳಿಯುವ ಮಬ್ಬು ಗಡಿ. ನೆರಳೂ ಎಲ್ಲ ಕಡೆ ಒಂದೇ ಕಪ್ಪಲ್ಲ. ದವಡೆಯ ಅಡಿಗೆ ಶಾಲಿನಿಂದ ಪುಟಿದ ಬೆಳಕು ಕದ್ದು ಬಂದಿರುತ್ತದೆ. ಇದು ತಿಳಿದ ಮೇಲೆ ಅವಳು ವಾರಕ್ಕೊಂದು ಬಣ್ಣದ ಶಾಲು ಹೊದ್ದು ಬರತೊಡಗಿದಳು. ಕೆಂಪು ಶಾಲಿನ ವಾರ ಬಣ್ಣದ ತರಗತಿಯವರು ಅವಳ ಗದ್ದದಡಿ ಕೆಂಪು ಹಚ್ಚಲೋ ಬೇಡವೋ ಎಂದು ಕುಂಚ ಕಚ್ಚುತ್ತಾ ನಿಂತರೆ ಅವಳು ಕಲ್ಲಿನಂತೆ ಕೂತು ಹೊಟ್ಟೆಯೊಳಗೇ ನಗುತ್ತಿದ್ದಳು. ಬಿಡುವಿನಲ್ಲಿ ಎದ್ದು ಒಬ್ಬೊಬ್ಬರ ಚಿತ್ರದ ಹಲಗೆ ನೋಡುತ್ತಾ ಬರುವುದೂ ಇತ್ತು.

"ಅಲ್ಲ ಮಗಾ, ನನ್ನ ಎಡಗೆನ್ನೆ ಯಾಕೆ ಹೀಗೆ ಬೆಳ್ಳಗಿದೆ? ಆ ಕಡೆ ಗೋಡೆಗೂ ಒಂದು ಕಿಟಕಿ ಇಟ್ಟುಬಿಟ್ಯಾ?"

ಹಳೆಯ ಮೇಷ್ಟ್ರು ನಿವೃತ್ತರಾದರು. ಹೊಸ ಮೇಷ್ಟ್ರು ಬಂದರು. ಚಿಕ್ಕ ವಯಸ್ಸು, ಇಸ್ತ್ರಿ ಮಾಡಿದ ಅಂಗಿ, ಜೊತೆಗೆ ಹುಲ್ಲು ತುಂಬಿದ ಒಂದು ಮರದ ಪೆಟ್ಟಿಗೆ. ಪೆಟ್ಟಿಗೆಯಿಂದ ಬೆಳ್ಳಗಿನ ಪ್ಲಾಸ್ಟರ್ ತಲೆಯೊಂದು ಹೊರಬಂತು. ಅದನ್ನು ಎತ್ತರದ ತಿರುಗುಮಣೆಯ ಮೇಲಿಟ್ಟು, ಮಣೆಯನ್ನು ಕುರ್ಚಿಯ ಜಾಗಕ್ಕೆ ಸರಿಸಿದರು. ಕುರ್ಚಿ ಮೂಲೆಗೆ ಹೋಯಿತು.

"ಇದು ಅಲ್ಲಾಡಲ್ಲ, ಮಾತಾಡಲ್ಲ. ಇದಕ್ಕೆ ಸುಕ್ಕೂ ಇಲ್ಲ. ಬಿಳೀ ಮೈ ಮೇಲೆ ನೆರಳು ಸ್ಪಷ್ಟವಾಗಿ ಕಾಣುತ್ತೆ" ಎಂದು ವಿದ್ಯಾರ್ಥಿಗಳಿಗೆ ಹೇಳಿ, ದೊಡ್ಡಮ್ಮನ ಕಡೆ ತಿರುಗಿದರು. "ನೀವು ಇನ್ಮೇಲೆ ಗುಡಿಸಿದ್ರೆ ಸಾಕು. ಹಾಂ, ದಿನಾ ಬೆಳಿಗ್ಗೆ ಇದರ ಧೂಳು ಒರೆಸಿ. ಮೆತ್ತಗೆ."

ಕೂಲಿ ಕಡಿಮೆಯಾಗಲಿಲ್ಲ. ಆದರೂ ಅವಳು ಗಂಡನಿಗೆ ಹೇಳಲಿಲ್ಲ. ಕುರ್ಚಿ ಹೋಯಿತು ಎಂದರೆ ಅವನು ನಗುವುದಿಲ್ಲ, ಪಾಪ ಅನ್ನುತ್ತಾನೆ. ಅದು ಅವಳಿಗೆ ಬೇಡವಾಗಿತ್ತು. ಅಂದಿನಿಂದ ನಾಲ್ಕು ಗಂಟೆಯ ತನಕ ತರಗತಿಯ ಬಾಗಿಲ ಬಳಿ ಸ್ಟೂಲು ಹಾಕಿಕೊಂಡು ಕೂತಿದ್ದು, ಮೊದಲಿನಂತೆಯೇ ಮನೆಗೆ ಹೋಗತೊಡಗಿದಳು. ಆ ಪ್ಲಾಸ್ಟರ್ ತಲೆಗೆ ಮಾತ್ರ ಬಂದ ದಿನವೇ ಹೆಸರಿಟ್ಟಳು: ಸುಣ್ಣದ ಅಳಿಯ. ಬಂದ ಕೂಡಲೇ ಒಳ್ಳೆಯ ಜಾಗ ಹಿಡಿದು, ಒಂದೂ ಕೆಲಸ ಮಾಡದೆ, ಎಲ್ಲರ ಕೈಲಿ ಉಪಚಾರ ಮಾಡಿಸಿಕೊಳ್ಳುವವನಿಗೆ ಇನ್ನೇನು ಅನ್ನಬೇಕು?

ಮೂರನೆಯ ಬೆಳಿಗ್ಗೆ ಅಳಿಯನ ಮುಖ ಒರೆಸುತ್ತಿದ್ದಾಗ ಒರೆಸುವ ಬಟ್ಟೆಗೆ, ವಿದ್ಯಾರ್ಥಿಗಳು ಚಿತ್ರ ಬರೆಯುವಾಗ ನೆಲಕ್ಕುದುರಿಸಿದ ಇದ್ದಿಲ ಪುಡಿ ಮೆತ್ತಿತ್ತು. ಕಿಟಕಿಯ ಕಡೆಯ ಕೆನ್ನೆಯ ಮೇಲೆ ತೆಳ್ಳಗೆ ಬೂದುಬಣ್ಣ ಕೂತಿತು. ಅಳಿಸಲು ಹೋದವಳು ಕೈ ತಡೆದಳು. ಸುತ್ತ ನೋಡಿದಳು. ಆಮೇಲೆ ಬೆರಳ ತುದಿಗೆ ಬಟ್ಟೆ ಸುತ್ತಿ, ಬೂದುಬಣ್ಣದ ಅಂಚನ್ನು ಮೆಲ್ಲಗೆ ಉಜ್ಜಿ, ಎಲ್ಲಿ ಮುಗಿಯಿತೆಂದು ಗೊತ್ತಾಗದ ಹಾಗೆ ಮಾಡಿದಳು.

ಮರುದಿನ ಕಣ್ಣಿನ ಗುಳಿಗೆ ಒಂದು ಚಿಟಿಕೆ. ಅದರ ಮರುದಿನ ಮೂಗಿನ ಪಕ್ಕಕ್ಕೆ. ದಿನಕ್ಕಿಷ್ಟೇ ಇಷ್ಟು. ಒಂದೇ ಸಲಕ್ಕೆ ಹಚ್ಚಿದರೆ ಕುರುಡನೂ ಹಿಡಿಯುತ್ತಾನೆ. ಎರಡನೇ ವಾರದ ಹೊತ್ತಿಗೆ ಅಳಿಯನಿಗೆ ಎಡಕ್ಕೆ ನಿಜವಾದ ನೆರಳು, ಬಲಕ್ಕೆ ದೊಡ್ಡಮ್ಮನ ನೆರಳು. ಇಪ್ಪತ್ತು ಜನ ಎರಡನ್ನೂ ಶ್ರದ್ಧೆಯಿಂದ ಬರೆದರು. ಹಲಗೆಗಳ ಮೇಲೆ ಇಪ್ಪತ್ತು ಅಳಿಯಂದಿರು, ಇಬ್ಬದಿಯೂ ಕಪ್ಪಾಗಿ, ವಾರಗಟ್ಟಲೆ ನಿದ್ದೆಗೆಟ್ಟವರಂತೆ ಸಾಲಾಗಿ ನಿಂತರು. ಮೇಷ್ಟ್ರು ಓಡಾಡುತ್ತಾ ಒಬ್ಬನಿಗೆ, "ಕಿಟಕಿ ಕಡೆ ಕಣ್ಣಿನ ಗುಳಿ ಇನ್ನೂ ಸ್ವಲ್ಪ ಕಪ್ಪಾಗಲಿ" ಅಂದಾಗ ದೊಡ್ಡಮ್ಮ ಶಾಲಿನ ತುದಿ ಬಾಯಿಗೆ ತುರುಕಿಕೊಂಡಳು.

ಆಟ ಕೆಟ್ಟಿದ್ದು ಆಮೇಲೆ. ಮುಂದಿನ ಸಾಲಿನ ಹುಡುಗಿ, ಮಾತೇ ಆಡದವಳು, ಕೈ ಎತ್ತಿದಳು.

"ಸರ್, ಬೆಳಕು ಬರೋದೇ ಕಿಟಕಿಯಿಂದ ಅಲ್ವಾ? ಆ ಕಡೆ ಕೆನ್ನೆ ಯಾಕೆ ಕಪ್ಪಗಿದೆ?"

ಮೇಷ್ಟ್ರು ತಲೆಯನ್ನು ನೋಡಿದರು. ಕಿಟಕಿಯನ್ನು ನೋಡಿದರು. ಗೊತ್ತಿಲ್ಲ ಎನ್ನಲು ನಾಲಿಗೆ ಬರಲಿಲ್ಲ. "ಅದು... ಬೆಳಕು ತುಂಬ ಹತ್ತಿರದಿಂದ ಬಿದ್ದಾಗ ಹಾಗಾಗುತ್ತೆ. ಮೇಲ್ಮೈ ಬೆಳಕನ್ನ ಹೀರಿಕೊಂಡುಬಿಡುತ್ತೆ. ಬರ್ಕೊಳ್ಳಿ."

ಹುಡುಗಿ ನೋಟ್‌ಬುಕ್ ತೆರೆದು, ಪೆನ್ನಿನಲ್ಲಿ, ದುಂಡಗಿನ ಅಕ್ಷರದಲ್ಲಿ ಬರೆಯತೊಡಗಿದಳು. ದೊಡ್ಡಮ್ಮ ಬಾಯಲ್ಲಿದ್ದ ಶಾಲಿನ ತುದಿಯನ್ನು ಹೊರಗೆಳೆದಳು. ಮೇಷ್ಟ್ರು ಮೂರ್ಖರಾದರೆ ಅವಳಿಗೆ ಸಂತೋಷವೇ. ಆದರೆ ಈ ಮಗು ನಾಳೆ ಯಾರದೋ ಮುಖದ ಮೇಲೆ, ಇಲ್ಲದ ಕಡೆ ನೆರಳು ಹಾಕುತ್ತಾಳೆ. ಸುಮ್ಮನಿದ್ದರೆ ಪೊರಕೆಯಾದರೂ ಉಳಿಯುತ್ತದೆ. ಎದ್ದರೆ ಅದೂ ಹೋದೀತು.

ಎದ್ದಳು.

"ಮಗಾ, ಅದನ್ನ ಬರ್ಕೋಬೇಡ" ಎನ್ನುತ್ತಾ ಹೋಗಿ ತಿರುಗುಮಣೆಯನ್ನು ಕಾಲು ಸುತ್ತು ತಿರುಗಿಸಿದಳು.

ನಿಜವಾದ ನೆರಳು ಕಿಟಕಿಗೆ ಬೆನ್ನು ಮಾಡಿ ಇದ್ದಲ್ಲೇ ಇತ್ತು. ಇನ್ನೊಂದು ನೆರಳು ಮಾತ್ರ ತಲೆಯ ಜೊತೆ ಸವಾರಿ ಹೊರಟು ವಿದ್ಯಾರ್ಥಿಗಳ ಕಡೆಗೆ ಬಂತು. ಮೇಷ್ಟ್ರು ಬಂದು ತೋರುಬೆರಳಿನಿಂದ ಪ್ಲಾಸ್ಟರ್ ಕೆನ್ನೆಯನ್ನು ಸವರಿ, ಬೆರಳು ನೋಡಿಕೊಂಡರು. ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು; ಅಷ್ಟೇ, ಇಡೀ ಕೋಣೆ ನಗತೊಡಗಿತು.

"ಯಾರು ಮಾಡಿದ್ದು?"

"ನಾನೇ. ಇನ್ಯಾರಿಗೆ ಬರುತ್ತೆ?"

ಮೇಷ್ಟ್ರ ಕಿವಿ ಕೆಂಪಾಗಿತ್ತು. ವಿದ್ಯಾರ್ಥಿಗಳನ್ನು ಚಹಾಕ್ಕೆ ಕಳಿಸಿದರು. ಬಾಗಿಲು ಮುಚ್ಚಿದ ಮೇಲೆ ಬೈಗುಳಕ್ಕೆ ದೊಡ್ಡಮ್ಮ ಸಿದ್ಧಳಾಗಿ ನಿಂತಳು. ಮೇಷ್ಟ್ರು ಬೈಯದೆ, ತಲೆಯ ಹತ್ತಿರ ಬಗ್ಗಿ, ಮೂಗಿನ ಪಕ್ಕದ ಕಪ್ಪನ್ನು ಬಹಳ ಹೊತ್ತು ನೋಡಿದರು.

"ಈ ಅಂಚನ್ನ ಇಷ್ಟು ಮೆತ್ತಗೆ ಹೇಗೆ ಕರಗಿಸಿದ್ರಿ?"

"ನನ್ನ ಮೂಗು ಹದಿನಾಲ್ಕು ವರ್ಷ ಅಲ್ಲೇ ಇತ್ತಲ್ಲ ಮೇಷ್ಟ್ರೇ."

ಅವರ ತುಟಿ ಸ್ವಲ್ಪ ಸಡಿಲವಾಯಿತು. "ಹದಿನೈದು ದಿನ ನಾನೂ ನೋಡಿದೀನಿ. ನಂಗೂ ಕಾಣ್ಲಿಲ್ಲ."

"ನೀವು ನೆರಳನ್ನ ನೋಡಿದ್ರಿ. ಬೆಳಕು ಎಲ್ಲಿಂದ ಬಂತು ಅಂತ ಕೇಳಿದ್ದು ಆ ಹುಡುಗಿ ಒಬ್ಬಳೇ."

ಮೇಷ್ಟ್ರು ಕೈ ಒರೆಸಿಕೊಂಡರು. "ನಾಳೆ ಎರಡು ಗಂಟೆಗೆ ಬನ್ನಿ."

"ಗುಡಿಸೋಕಾ, ಕೂರೋಕಾ? ಮೊದಲೇ ಹೇಳಿಬಿಡಿ."

"ಕೂರೋಕೆ. ಆದ್ರೆ ಇದನ್ನ ಮೊದಲಿದ್ದ ಹಾಗೆ ಬೆಳ್ಳಗೆ ಮಾಡಿ."

ಬೆಳ್ಳಗಾಗಲಿಲ್ಲ. ಇದ್ದಿಲು ಅಳಿಸಲು ಬಳಸುವ ಬ್ರೆಡ್ಡಿನ ತುಣುಕಿನಿಂದ ಎಷ್ಟು ಉಜ್ಜಿದರೂ ಕಣ್ಣಿನ ಗುಳಿಯ ಕಪ್ಪು ಹೋಗದೆ ಅಳಿಯ ಯಾರೋ ಗುದ್ದಿದವನಂತೆ ಉಳಿದ. ಅವನನ್ನು ಮೂಲೆಗಿಟ್ಟು, ಕುರ್ಚಿಯನ್ನು ಅವಳೇ ಎಳೆದು ತಂದಳು.

ಮರುದಿನ ಎರಡಕ್ಕೆ ಎಲ್ಲರೂ ಇದ್ದಿಲು ಕೈಗೆತ್ತಿಕೊಂಡಾಗ ಮೇಷ್ಟ್ರು ತಡೆದರು. "ಯಾರೂ ಗೆರೆ ಎಳೀಬೇಡಿ. ಬೆಳಕು ಯಾವ ಕಡೆಯಿಂದ? ಮೊದಲು ತೋರಿಸಿ."

ಇಪ್ಪತ್ತು ಕೈಗಳು ಕಿಟಕಿಯ ಕಡೆ ಚಾಚಿದವು. ಅರೆಕ್ಷಣ ತಡೆದು ಮೇಷ್ಟ್ರ ಕೈಯೂ. ದೊಡ್ಡಮ್ಮ ಕತ್ತು ಕದಲಿಸಲಿಲ್ಲ, ರೆಪ್ಪೆ ಬಡಿಯಲಿಲ್ಲ. ತೊಡೆಯ ಮೇಲಿದ್ದ ಬಲಗೈಯ ಹೆಬ್ಬೆರಳನ್ನು ಮಾತ್ರ ಎತ್ತಿ ಆ ಕಡೆಗೆ ತಿರುಗಿಸಿದಳು.