ಉಣುಗೋಲಿನ ಹೊತ್ತುನುಂಗಿ

ನಮ್ಮ ಮನೆ ಕಳಸದಿಂದ ಹೊರನಾಡಿಗೆ ಹೋಗುವ ರಸ್ತೆಯಿಂದ ಸ್ವಲ್ಪ ಒಳಗೆ ಇದೆ. ಅಂಗಳ ದಾಟಿದರೆ ಉಣುಗೋಲು: ಎರಡು ಕಲ್ಲುಕಂಬ, ಅವುಗಳ ತೂತಿನಲ್ಲಿ ಸರಿಸುವ ಮೂರು ಬಿದಿರ ಗಳು. ಅದರ ಬುಡದಲ್ಲಿ ಹೊತ್ತುನುಂಗಿ ಇದೆ. ಅಜ್ಜಿಯ ಪ್ರಕಾರ ಅದಕ್ಕೆ ಮೈಯಿಲ್ಲ, ಬಾಯಿ ಮಾತ್ರ. ಕೋಳಿ, ನಾಯಿಗಳ ತಂಟೆಗೆ ಹೋಗುವುದಿಲ್ಲ. ಮನುಷ್ಯರ ಹೊತ್ತನ್ನಷ್ಟೇ ತಿನ್ನುತ್ತದೆ. ಹೊರಟ ನೆಂಟರು “ಬರ್ತೀವಿ” ಎಂದು ಗಳುವಿಗೆ ಕೈಯಿಟ್ಟೊಡನೆ ಅದು ಬಾಯಿ ತೆರೆಯುತ್ತದೆ. ಯಾರೋ ಒಬ್ಬರು “ಅಂದ ಹಾಗೆ” ಎನ್ನುತ್ತಾರೆ. ಆಮೇಲೆ ಯಾರೂ ಹೊರಡುವುದಿಲ್ಲ.

ಅಜ್ಜಿಯ ಮೈದುನ ಒಬ್ಬರು ಮಂಗಳೂರಿನ ಕೆಲಸಕ್ಕೆಂದು ಟ್ರಂಕು ಹಿಡಿದು ಹೊರಟವರು, ಉಣುಗೋಲಲ್ಲಿ ಪಕ್ಕದ ಎಸ್ಟೇಟಿನವರ ಜೊತೆ ಎರಡು ಮಾತಾಡಲು ನಿಂತರು. ಕೊನೆಗೆ ಅದೇ ಎಸ್ಟೇಟಿನಲ್ಲಿ ಲೆಕ್ಕ ಬರೆಯುವ ರೈಟರಾಗಿ ನಿವೃತ್ತರಾದರು.

ನಾನು ದಿನಚರಿ ಬರೆಯುವವಳು. ಕಳೆದ ವರ್ಷ ಅದು ಎಷ್ಟು ತಿಂದಿತು ಎಂದು ಲೆಕ್ಕ ಇಟ್ಟೆ. ನೆಂಟರು ಜಗಲಿಯಲ್ಲಿ ಕೂತದ್ದಕ್ಕಿಂತ ಉಣುಗೋಲಲ್ಲಿ ನಿಂತದ್ದೇ ಹೆಚ್ಚು. ಅತಿ ದೊಡ್ಡ ತುತ್ತು ಅಕ್ಕನ ಮದುವೆ. ಅವಳನ್ನು ನೋಡಲು ಬಂದಿದ್ದ ಕೊಪ್ಪದ ಕಡೆಯವರು ಮೂರು ಗಂಟೆಗೆ ಹೊರಟು ಆರರವರೆಗೆ ಅಲ್ಲೇ ನಿಂತರು. ನಾಲ್ಕಕ್ಕೆ ಮಾತು ಕಾಳುಮೆಣಸಿಗೆ ಬಂತು, ಐದಕ್ಕೆ ಯಾವುದೋ ಹಳೆಯ ಬೇಲಿ ಜಗಳಕ್ಕೆ. ಬೇಲಿ ಒತ್ತಿದವರು ಅವರ ಸೋದರಮಾವ, ಜಾಗ ಕಳೆದುಕೊಂಡವರು ನಮ್ಮ ದೊಡ್ಡಪ್ಪ ಎಂದು ತಿಳಿಯುವಷ್ಟರಲ್ಲಿ ಸಂಬಂಧ ಮುರಿದಿತ್ತು.

ಈ ವರ್ಷ ಕೊಯ್ಲು ಮುಗಿದ ಮೇಲಿನ ಭಾನುವಾರ ಮೂಡಿಗೆರೆ ಕಡೆಯವರು ಬರುವುದಿತ್ತು. ಈ ಹುಡುಗ ಅಕ್ಕನಿಗೆ ಮೊದಲೇ ಗೊತ್ತು. ಇಬ್ಬರೂ ಒಂದೇ ಕಾಲೇಜಿನಲ್ಲಿ ಪಾಠ ಮಾಡುತ್ತಾರೆ. ಹಿರಿಯರ ಒಪ್ಪಿಗೆಯೊಂದೇ ಬಾಕಿ.

“ಇದೂ ಹೋದ್ರೆ ನಾನು ಉಣುಗೋಲು ಕಡ್ದು ಒಲೆಗೆ ಹಾಕ್ತೀನಿ” ಎಂದಳು ಅಕ್ಕ.

“ಕಡ್ದ್ರೆ ಅದು ಜಗಲಿಗೆ ಬರ್ತದೆ. ಮೊದ್ಲೇ ಹೊಟ್ಟೆ ತುಂಬ್ಸಿಡಿ” ಎಂದರು ಅಜ್ಜಿ.

ಅದರಂತೆ ಭಾನುವಾರ ಬೆಳಿಗ್ಗೆ ಒಂಬತ್ತಕ್ಕೆ ನಾನೂ ಚಿಕ್ಕಪ್ಪನೂ ಉಣುಗೋಲಲ್ಲಿ ನಿಂತು ಒಬ್ಬರನ್ನೊಬ್ಬರು ಬೀಳ್ಕೊಡತೊಡಗಿದೆವು.

“ಬರ್ತೀನಿ ಹಂಗಾದ್ರೆ” ಎಂದೆ.

“ಆಯ್ತು, ಬಾ. ಅಂದ ಹಾಗೆ, ನಿಮ್ಮ ಚಿಕ್ಕಪ್ಪ ಹೇಗಿದಾರೆ?”

“ಇದಾರೆ. ಮಂಡಿನೋವು.”

“ಪಾಪ. ಒಳ್ಳೆ ಮನುಷ್ಯ” ಎಂದರು ಚಿಕ್ಕಪ್ಪ.

ಹತ್ತು ಗಂಟೆಗೆ ಪಕ್ಕದ ತೋಟದ ಮೇಸ್ತ್ರಿ ಗ್ಯಾಸ್ ಸಿಲಿಂಡರ್ ಹೊತ್ತುಕೊಂಡು ಬಂದರು. “ಎಲ್ಲಿಗೆ ಹೊರಟಿದ್ದು?”

“ಎಲ್ಲಿಗೂ ಇಲ್ಲ ಮಾರಾಯ. ಅದಕ್ಕೆ ಹಾಕ್ತಾ ಇದೀವಿ” ಎಂದು ಚಿಕ್ಕಪ್ಪ ಕಂಬದ ಬುಡ ತೋರಿಸಿದರು.

“ಎಷ್ಟು ಹಾಕಿದ್ರಿ?”

“ಒಂದು ಗಂಟೆ.”

“ಮದುವೆ ವಿಷ್ಯಕ್ಕೆ ಅದು ಸಾಲೋದಿಲ್ಲ” ಎಂದು ಮೇಸ್ತ್ರಿ ಸಿಲಿಂಡರ್ ಇಳಿಸಿ ತಾವೂ ನಿಂತರು. ಹನ್ನೆರಡಕ್ಕೆ ಅವರ ಮನೆಯಿಂದ ಸಿಲಿಂಡರ್ ಹುಡುಕಿಕೊಂಡು ಅವರ ಹೆಂಡತಿ ಬಂದು, ಅವರೂ ಸ್ವಲ್ಪ ಹಾಕಿ ಹೋದರು. ಒಟ್ಟು ಮೂರೂಕಾಲು ಗಂಟೆ ಆಯಿತು.

ಹುಡುಗನ ಕಡೆಯವರು ಒಂದಕ್ಕೆ ಬಂದರು. ಕಡುಬು, ಕೋಳಿ ಸಾರು ಹೊಗಳಿ, ತೋಟ ನೋಡಿ, ಮೂರಕ್ಕೆ ಎದ್ದರು. ಉಣುಗೋಲಲ್ಲಿ ಹುಡುಗನ ತಾಯಿ “ಬರ್ತೀವಿ” ಎಂದರು. “ಆಯ್ತು, ಬನ್ನಿ” ಎಂದರು ಅಪ್ಪ. ಚಿಕ್ಕಪ್ಪನ ಬಳಿ ಉಳಿದ ಮಾತೇ ಇರಲಿಲ್ಲ. ಗಳು ಸರಿಸಿ ಹಿಡಿದು ನಿಂತರು. ನೆಂಟರು ಸ್ವಲ್ಪ ಹೊತ್ತು ನಮ್ಮ ಮುಖ ನೋಡಿದರು, ನಾವು ಅವರ ಮುಖ ನೋಡಿದೆವು. ನಾಲ್ಕೇ ನಿಮಿಷದಲ್ಲಿ ಜೀಪು ಹೋಯಿತು.

ನಾವು ಗೆದ್ದೆವೆಂದು ನಾನು ಚಿಕ್ಕಪ್ಪನ ಕೈ ಕುಲುಕುತ್ತಿದ್ದಾಗ ಅಜ್ಜಿ ಜಗಲಿಯಿಂದ ಕೇಳಿದರು: “ಒಪ್ಪಿಗೆ ಅಂದ್ರಾ?”

ಯಾರೂ ಅಂದಿರಲಿಲ್ಲ. ಎಲ್ಲಿ ಅನ್ನುತ್ತಾರೆ? ನಮ್ಮ ಕಡೆ ಜಗಲಿಯಲ್ಲಿ ಕೂತವರು ಊಟ ಹೊಗಳುತ್ತಾರೆ, ಮಳೆ ಬಯ್ಯುತ್ತಾರೆ. ಬಂದ ಕೆಲಸದ ಮಾತು ಬರುವುದು ಉಣುಗೋಲಲ್ಲೇ, ಚಪ್ಪಲಿ ಹಾಕಿದ ಮೇಲೆ, ಆ “ಅಂದ ಹಾಗೆ”ಯ ನಂತರವೇ. ಅಜ್ಜಿಯ ಮದುವೆಯೂ ಅಮ್ಮನ ಮದುವೆಯೂ ಅಲ್ಲೇ ಗೊತ್ತಾದದ್ದು. ಹೊತ್ತುನುಂಗಿಗೆ ನಾವು ಎಷ್ಟು ಬಡಿಸಿದ್ದೆವೆಂದರೆ, ಅದಕ್ಕೆ ಬಾಯಿ ತೆರೆಯಲೂ ಆಗಿರಲಿಲ್ಲ.

ಅಕ್ಕ ಸ್ಕೂಟರ್ ತೆಗೆದಳು. ನಾನು ಹಿಂದೆ ಹತ್ತಿದೆ. ಕಳಸ ಇನ್ನೂ ದೂರವಿರುವಾಗ ಒಂದು ತಿರುವಿನಲ್ಲಿ ಅವಳು ಜೀಪನ್ನು ಹಿಂದೆ ಹಾಕಿ, ಸ್ಕೂಟರನ್ನು ರಸ್ತೆಗೆ ಅಡ್ಡ ನಿಲ್ಲಿಸಿದಳು. ಅವರೆಲ್ಲ ಇಳಿದರು.

“ಎಂತಾಯ್ತು ಮಾರಾಯ್ತಿ? ನಾವೇನಾದ್ರೂ ಬಿಟ್ಟು ಬಂದ್ವಾ?” ಎಂದರು ಹುಡುಗನ ತಾಯಿ.

“ಒಂದ್ಮಾತೂ ಹೇಳ್ದೆ ಬಂದ್ರಲ್ಲ” ಎಂದಳು ಅಕ್ಕ.

“ನಾವೆಲ್ಲಿ? ನೀವೇ ಗಳು ಸರಿಸಿ ಹಿಡ್ಕೊಂಡು ನಿಂತ್ರಿ. ನಿಮಗೆ ಮನಸ್ಸಿಲ್ಲ ಅಂದ್ಕೊಂಡ್ವಿ. ಕೋಳಿ ಸಾರು ಹೊಗಳಿದ್ದು ಕಡಿಮೆ ಆಯ್ತು ಅಂತ ಇವ್ರು ಆಗ್ಲಿಂದ ನನ್ನ ಬಯ್ತಾ ಇದಾರೆ.”

ನಾನೇ ಮುಂದೆ ಬಂದು, ಬೆಳಿಗ್ಗೆಯಿಂದ ಉಣುಗೋಲಲ್ಲಿ ಏನು ಮಾಡಿದೆವೆಂದು ಹೇಳಿದೆ. ಹುಡುಗನ ತಾಯಿಗೆ ಆಶ್ಚರ್ಯವೇನೂ ಆಗಲಿಲ್ಲ.

“ಎಷ್ಟು ಹಾಕಿದ್ರಿ?”

“ಮೂರೂಕಾಲು ಗಂಟೆ.”

“ಅಯ್ಯೋ, ಅಷ್ಟು ಹಾಕ್ಬಾರ್ದು. ನಮ್ಮಲ್ಲಿ ಅದು ಬಸ್‌ ಸ್ಟಾಪಿನಲ್ಲಿದೆ. ನಾವು ಅರ್ಧ ಗಂಟೆ ಹಾಕಿ ಬಿಡ್ತೀವಿ. ಸ್ವಲ್ಪ ಹಸಿವು ಇರ್ಬೇಕು ಅದಕ್ಕೆ.” ಅವರು ಸೆರಗು ಸರಿಮಾಡಿಕೊಂಡು ಅಕ್ಕನ ಕಡೆ ತಿರುಗಿದರು. “ಅಂದ ಹಾಗೆ, ನಮಗೆಲ್ಲ ಒಪ್ಪಿಗೆ. ನಿಮ್ಮ ಮನೇಲಿ ಹೇಗೆ?”

“ಅವ್ರದ್ದೂ ಒಪ್ಪಿಗೆ. ನಂದೂ” ಎಂದಳು ಅಕ್ಕ. ಹುಡುಗ ಜೀಪಿನ ಕನ್ನಡಿ ನೋಡುತ್ತ ನಗುತ್ತಿದ್ದ.

ಅಲ್ಲಿಗೆ ಎಲ್ಲ ಮುಗಿದಿತ್ತು. ಆದರೆ ಯಾರೂ ಹೊರಡಲಿಲ್ಲ. ಡ್ರೈವರ್ ಇಂಜಿನ್ ಆಫ್ ಮಾಡಿ ಕಣ್ಣು ಮುಚ್ಚಿದ. ಹುಡುಗನ ತಂದೆ ಸ್ಕೂಟರಿನ ಹ್ಯಾಂಡಲ್ ಮೇಲೆ ಆರಾಮವಾಗಿ ಕೈಯಿಟ್ಟು ಕೇಳಿದರು: “ನಿಮ್ಮ ಕಡೆ ಆನೆ ಕಾಟ ಹೇಗೆ ಈ ವರ್ಷ?”

ಅಕ್ಕ ಅವರ ಕೈಯನ್ನು ಮೆಲ್ಲಗೆ ಎತ್ತಿ ಬದಿಗಿಟ್ಟಳು. “ಆನೆ ವಿಷ್ಯ ಮದುವೆ ಆದ್ಮೇಲೆ ಮಾತಾಡಣ, ಮಾವ” ಎಂದು ಸ್ಕೂಟರ್ ಸ್ಟಾರ್ಟ್ ಮಾಡಿ, ನನಗೆ ಹತ್ತು ಎಂದು ಕಣ್ಸನ್ನೆ ಮಾಡಿದಳು.