ಅಕ್ಕ ಕರೆದಾಗ ತಿರುಗಿದ ಕರಡಿ

ಮೈಮೇಲೆ ದೇವರು ಬರುವುದು, ಪವಾಡ, ಇವನ್ನೆಲ್ಲ ಕೇಳಿದರೆ ನಗುತ್ತಿದ್ದವನು ನಾನು. ಕಣ್ಣಾರೆ ಕಂಡೆ ಅನ್ನುವವರಿಗೆ ಮೊದಲು ಕನ್ನಡಕ ಬದಲಿಸಿ ಅಂತ ಕಿಚಾಯಿಸುತ್ತಿದ್ದೆ. ಈಗ ನೀವು ನನಗೆ ಹಾಗಂದರೂ ಬೇಜಾರಿಲ್ಲ. ನಡೆದದ್ದು ಹೇಳುತ್ತೇನೆ.

ಸಿರಿಗೇರಿಯ ನಮ್ಮಕ್ಕ ನನ್ನನ್ನು ತಾಯಿಯಂತೆ ಸಾಕಿದವಳು. ಎಮ್ಮೆ ಕಟ್ಟಿ, ಹಾಲು ಮಾರಿ ಓದಿಸಿದಳು. ಮಾತೆಂದರೆ ಅವಳದು, ಬಾಯಿ ಬಿಟ್ಟರೆ ಕಟ್ಟೆಯ ಮೇಲಿನ ಗಂಡಸರೂ ತೆಪ್ಪಗಾಗುತ್ತಿದ್ದರು. ಅಂಥವಳಿಗೆ ಕೆಲವು ವರ್ಷಗಳ ಹಿಂದೆ ಲಕ್ವ ಹೊಡೆದು ಮಾತೇ ನಿಂತುಹೋಯಿತು. ಹೊರಗೆ ತಿರುಗಾಡಿಸಿ, ಮಾತು ಬಂದರೂ ಬರಬಹುದು ಅಂದರು ಬಳ್ಳಾರಿಯ ಡಾಕ್ಟರು. ನಾನು ಮೊದಲೇ ಹಟಮಾರಿ. ಅವಳನ್ನು ಬಳ್ಳಾರಿ ಕಂಟೋನ್ಮೆಂಟಿನ ನನ್ನ ಮನೆಗೆ ಕರೆತಂದು, ಕರಡಿಧಾಮದ ವರ್ಷದ ಪಾಸು ಮಾಡಿಸಿಬಿಟ್ಟೆ. ಭಾನುವಾರ ಬಂತೆಂದರೆ ಕುರುಗೋಡು ದಾಟಿ ನಮ್ಮ ಸವಾರಿ.

ಅಲ್ಲಿ ಬಂಡೆಗಳಿಗೆ ಬೆಲ್ಲದ ಪಾಕ ಬಳಿದಿರುತ್ತಾರೆ. ಸಂಜೆ ಕರಡಿಗಳು ನೆಕ್ಕಲು ಇಳಿಯುತ್ತವೆ. ಕಾವಲು ಗೋಪುರದಲ್ಲಿ ಕೂತು ನಾನು ವಟವಟ ಅನ್ನುತ್ತಿದ್ದೆ, ಅಕ್ಕ ನೋಡುತ್ತಿದ್ದಳು. ತಿಂಗಳುಗಟ್ಟಲೆ ಹೋದರೂ ಒಂದಕ್ಷರ ಹೊರಡಲಿಲ್ಲ.

ಆ ಸಂಜೆ ಎರಡು ಮರಿಗಳನ್ನು ಬೆನ್ನ ಮೇಲೆ ಹೊತ್ತು ತಾಯಿ ಕರಡಿ ಬಂತು. ಒಂದು ಮರಿ ಜಾರಿ ಬಂಡೆಗಳ ಸಂದಿಗೆ ಬಿತ್ತು. ತಾಯಿ ಸುತ್ತ ಮೂಸಿತು, ಗುರುಗುಟ್ಟಿತು, ಕೊನೆಗೆ ಇನ್ನೊಂದನ್ನು ಹೊತ್ತು ಗುಡ್ಡ ಏರಿಬಿಟ್ಟಿತು. ಮರಿ ಒಳಗೇ ಅಳುತ್ತಿತ್ತು. ಕತ್ತಲಾದರೆ ಚಿರತೆ ಬಿಡುವುದಿಲ್ಲ, ನಾವೂ ಹತ್ತಿರ ಹೋಗುವಂತಿಲ್ಲ ಎಂದು ಕಾವಲುಗಾರ ಪೇಚಾಡಿದ.

ಆಗ ಅಕ್ಕ ಕಂಬಿ ಹಿಡಿದು ಎದ್ದಳು. ಮೇಯಲು ಹೋದ ಎಮ್ಮೆಯನ್ನು ಕರೆಯುತ್ತಿದ್ದ ಅದೇ ತುಂಬು ದನಿಯಲ್ಲಿ ಕೂಗಿದಳು.

"ಬಾರವ್ವಾ, ಬಾ. ನಿನ್ನ ಕೂಸು ಇಲ್ಲೇ ಐತಿ."

ಗುಡ್ಡದ ನೆತ್ತಿಯಲ್ಲಿ ಕರಡಿ ನಿಂತಿತು, ತಿರುಗಿತು, ನೆಟ್ಟಗೆ ಆ ಸಂದಿಗೇ ಬಂದು ಕೈ ಇಳಿಸಿ ಮರಿಯನ್ನು ಎಳೆದುಕೊಂಡಿತು. ಕಾವಲುಗಾರ ಅಕ್ಕನಿಗೆ ಕೈಮುಗಿದ. ನಾನೂ ಮುಗಿದೆ. ಎಂಥ ಹೆಂಗಸಪ್ಪಾ ಇವಳು ಅನ್ನಿಸಿ ಕಣ್ಣು ತುಂಬಿ ಬಂತು.

"ಒಮ್ಮಿ ನನ್ನ ಹೆಸ್ರು ಹಿಡ್ದು ಕರಿಯಕ್ಕಾ" ಅಂದೆ. ಅಕ್ಕ ಬಾಯಿ ತೆರೆದಳು. ಬರೀ ಉಸಿರು ಬಂತು, ಮಾತು ಬರಲಿಲ್ಲ. ಇವತ್ತಿನವರೆಗೂ ಬಂದಿಲ್ಲ.

ಉದ್ವೇಗದಲ್ಲಿ ಒಮ್ಮೊಮ್ಮೆ ಹಾಗೆ ಮಾತು ಹೊರಡುವುದುಂಟು ಎಂದರು ಡಾಕ್ಟರು. ಸರಿ, ಒಪ್ಪಿದೆ. ಕರಡಿಗೆ ಕನ್ನಡ ಯಾರು ಕಲಿಸಿದರು ಎಂದು ಕೇಳಿದ್ದಕ್ಕೆ ಅವರು ಮುಂದಿನ ರೋಗಿಯನ್ನು ಕರೆದರು. ನನಗಂತೂ ಇನ್ನೂ ಬಗೆಹರಿದಿಲ್ಲ.

ನನ್ನ ಹೆಂಡತಿ ನಗುತ್ತಾಳೆ. "ಕರಡಿ ಮ್ಯಾಲೆ ಹೊಟ್ಟಿಕಿಚ್ಚು ಪಡೋರನ್ನ ನಿಮ್ಮೊಬ್ಬರನ್ನ ನೋಡೀನ್ರಿ" ಅನ್ನುತ್ತಾಳೆ. ಸುಳ್ಳಲ್ಲ. ಅಷ್ಟು ದೂರ ಹೋಗಿದ್ದ ಅದನ್ನು ಅಕ್ಕ ಕರೆದಳು. ನಾನು ಪಕ್ಕದಲ್ಲೇ ಕೂತಿದ್ದೆ.