ಬಲಗಿವಿಯ ಹಾಡು

ಮೊನ್ನೆ ಅಂಗಡಿಯಿಂದ ತಂದ ಮೊಟ್ಟೆಯ ರಟ್ಟಿನ ತಟ್ಟೆ ಮಳೆಗೆ ನೆಂದಿತ್ತು. ಒಣಗಲೆಂದು ಒಲೆಯ ಪಕ್ಕ ಇಟ್ಟೆ. ಸ್ವಲ್ಪ ಹೊತ್ತಿಗೆ ಹಸಿ ರಟ್ಟಿನ ವಾಸನೆ ಎದ್ದಿತು... ತಿರುವನಂತಪುರದ ಪಟ್ಟಂನ ಫ್ಲ್ಯಾಟಿನ ಅಡುಗೆಮನೆಯಲ್ಲಿ ನಿಂತಿದ್ದವಳು ಕೊಚ್ಚಿಯ ಪಾಲಾರಿವಟ್ಟಂನ ಒಂದು ಕೋಣೆಗೆ ಹೋಗಿಬಿಟ್ಟೆ. ಮೊದಲು ಎದ್ದದ್ದು ಹೆದರಿಕೆ. ಮುಖಗಳು ಆಮೇಲೆ ಬಂದವು.

ಆ ಕೋಣೆ ಚೇಟ್ಟನದು. ಟಯರ್ ಅಂಗಡಿಯ ಮೇಲಿನ ಮಹಡಿ. ಸದ್ದು ಹೊರಗೆ ಹೋಗದಿರಲೆಂದು ಗೋಡೆಗೆಲ್ಲ ಮೊಟ್ಟೆಯ ತಟ್ಟೆ ಅಂಟಿಸಿದ್ದರು. ನಾನು ಕಾಸರಗೋಡಿನಿಂದ ಬಂದು ಅಲ್ಲೇ ಹತ್ತಿರದ ಕಚೇರಿಯಲ್ಲಿ ಕೆಲಸಕ್ಕೆ ಸೇರಿದ್ದೆ. ಅವರು ನನಗಿಂತ ಬಹಳ ದೊಡ್ಡವರು. ಎಲ್ಲರೂ ಚೇಟ್ಟ, ಅಂದರೆ ಅಣ್ಣ, ಎಂದು ಕರೆಯುತ್ತಿದ್ದುದರಿಂದ ನನಗೂ ಚೇಟ್ಟನಾದರು. ನಾನು ಅವರಿಗೆ 'ಕನ್ನಡಕ್ಕಾರಿ'. ಮಾತೆಲ್ಲ ಮಲಯಾಳದಲ್ಲೇ ನಡೆಯುತ್ತಿತ್ತು. ಈಗ ನೆನಪಾಗುವುದು ಮಾತ್ರ ನನ್ನ ಊರಿನ ಕನ್ನಡದಲ್ಲಿ.

ಹಿಪ್ ಹಾಪ್ ಅಂದರೆ ದೊಗಳೆ ಪ್ಯಾಂಟು, ಇಂಗ್ಲಿಷ್ ಮಾತು ಎಂದು ಜನ ತಿಳಿದಿದ್ದ ಕಾಲ ಅದು. ಚೇಟ್ಟ ಬೇರೆಯದೇ ಮಾಡಿದರು. ತಿರುವನಂತಪುರದಲ್ಲಿ ತಾವು ಬೆಳೆದ ಚಾಲೈ ಪೇಟೆಗೆ ಹೋಗಿ ಹಮಾಲರ ಕೂಗು, ಮೂಟೆ ಬೀಳುವ ಸದ್ದು, ಶಟರ್ ಎಳೆಯುವ ಸದ್ದು ಎಲ್ಲ ರೆಕಾರ್ಡ್ ಮಾಡಿ ತರುತ್ತಿದ್ದರು. ಕಂಪ್ಯೂಟರಿನಲ್ಲಿ ಅವನ್ನು ತುಂಡರಿಸಿ ಜೋಡಿಸಿ, ಆ ಲಯಕ್ಕೆ ಮಾತು ಕೂರಿಸುತ್ತಿದ್ದರು. ಜೊತೆಗೆ ಚೆಂಡೆ ಬಾರಿಸುವ ಗೆಳೆಯನೊಬ್ಬ. ಕನ್ನಡದ ಮಾತು ನನ್ನದು. ನಮ್ಮ ಗುಂಪು ಅಷ್ಟೆ. ಕೇಳಿದವರಲ್ಲಿ ಅರ್ಧ ಜನ ನಕ್ಕರು. ಉಳಿದವರು ಇನ್ನೊಮ್ಮೆ ಹಾಕಿ ಅಂದರು.

ಒಂದು ಮಧ್ಯಾಹ್ನ ನಮ್ಮ ಬೀದಿಯ ಹಿಂದೆ ಕಟ್ಟುತ್ತಿದ್ದ ಕಟ್ಟಡದ ಗೋಡೆ ಬಿತ್ತು. ಅಲ್ಲಿ ಕೆಲಸಕ್ಕಿದ್ದವರು ರಾಯಚೂರು ಕಡೆಯವರು. ಒಬ್ಬ ಸತ್ತ. ಅಂಥ ಹೆಸರಿನವನು ನಮ್ಮಲ್ಲಿ ಕೆಲಸಕ್ಕೇ ಇರಲಿಲ್ಲ ಎಂದು ಕಂತ್ರಾಟುದಾರ ಹೇಳಿಬಿಟ್ಟ. ಸತ್ತವನ ಹೆಂಡತಿಯ ಭಾಷೆ ಅಲ್ಲಿ ಯಾರಿಗೂ ತಿಳಿಯದೆ ಚೇಟ್ಟ ನನ್ನನ್ನು ಕರೆದುಕೊಂಡು ಹೋದರು. ಶೀಟು ಹೊದಿಸಿದ ಗುಡಿಸಲಿನ ಮುಂದೆ ಅವಳು ಕೂತಿದ್ದಳು.

"ನಾವು ಹಾಡು ಮಾಡುವವರು. ನಿಮ್ಮ ಹೆಸರು ಹಾಕಬಹುದಾ?" ಎಂದು ಕೇಳಿದೆ.

"ನನ್ನ ಹೆಸರು ಬ್ಯಾಡ್ರೀ ಯವ್ವಾ. ಅವನ ಹೆಸರ ಹೇಳ್ರಿ. ಅವ ಇದ್ದ ಅಂತ ಹೇಳ್ರಿ," ಅಂದಳು.

ಚೇಟ್ಟ ಅದನ್ನೇ ಹಾಡು ಮಾಡಿದರು. ಗಾರೆ ಕಲಸುವ ಸದ್ದು, ಚೆಂಡೆ, ನಡುನಡುವೆ ಆ ಹೆಸರು. ಒಂದೆರಡು ಕಾಲೇಜುಗಳಲ್ಲಿ ಹಾಡಿದ ಮೇಲೆ ಹುಡುಗರು ಆ ಹೆಸರನ್ನು ಬಸ್ಸಿನಲ್ಲೂ ಗುನುಗತೊಡಗಿದರು. ಆಗಲೇ ಇಬ್ಬರು ಗಂಡಸರು ಕೋಣೆಗೆ ಬಂದರು. ಬಿಳಿ ಅಂಗಿ, ಇಸ್ತ್ರಿ ಮಾಡಿದ ಮುಂಡು. ಜೋರು ಮಾಡಲೇ ಇಲ್ಲ. ಒಬ್ಬ ನನ್ನನ್ನು ನೋಡಿ ನಕ್ಕ. "ಮೋಳೇ, ನೀನು ಬಸ್ಸು ಹತ್ತುವ ಸ್ಟಾಪು ನಮಗೆ ಗೊತ್ತುಂಟು. ಆ ಹೆಸರು ಬಿಟ್ಟುಬಿಡಿ," ಅಂದ. ಮಗಳೇ ಎಂದು ಅಷ್ಟು ಮೆತ್ತಗೆ ಕರೆದದ್ದಕ್ಕೇ ನನಗೆ ಹೆಚ್ಚು ಹೆದರಿಕೆಯಾಯಿತು.

ಅಂದಿನಿಂದ ಹಿಂದೆ ನಡೆದು ಬರುವವರ ಚಪ್ಪಲಿ ಸದ್ದಿಗೂ ಬೆಚ್ಚುತ್ತಿದ್ದೆ. ಮನೆಗೆ ಫೋನ್ ಮಾಡಿದರೆ ಅಮ್ಮನಿಗೆ ಸ್ವರದಲ್ಲೇ ಗೊತ್ತಾದೀತೆಂದು ಫೋನೂ ಮಾಡಲಿಲ್ಲ. ಚೇಟ್ಟ, "ನೀನು ಬರುವುದು ಬೇಡ. ನಾವಿಬ್ಬರೇ ಹಾಡುತ್ತೇವೆ," ಎಂದರು. ಆದರೆ ಹಾಡಿನಲ್ಲಿ ಸತ್ತವನ ಹೆಂಡತಿಯ ಮಾತು ಕನ್ನಡದಲ್ಲಿತ್ತು. ಅದನ್ನು ಹೇಳುವವರು ಬೇರೆ ಯಾರೂ ಇರಲಿಲ್ಲ. ಹೋದೆ.

ಇದೇ ಪಟ್ಟಂನ ಒಂದು ಸಭಾಂಗಣ, ಸಂಜೆಯ ಕಾರ್ಯಕ್ರಮ. ಕೊನೆಯ ಸಾಲಿನಲ್ಲಿ ಅದೇ ಇಬ್ಬರು ಕೂತಿದ್ದರು. ಹೆಸರು ಬರುವ ಜಾಗಕ್ಕೆ ಸರಿಯಾಗಿ ಕರೆಂಟು ಹೋಯಿತು. ಯಾರೋ ಬೇಕೆಂದೇ ತೆಗೆದಿದ್ದರು. ಕಂಪ್ಯೂಟರು ನಿಂತಿತು, ಮೈಕು ಸತ್ತಿತು. ಕತ್ತಲಲ್ಲಿ ನನ್ನ ಉಸಿರು ನನಗೇ ಕೇಳುತ್ತಿತ್ತು. ಅಷ್ಟರಲ್ಲಿ ಚೇಟ್ಟ ಬರಿಗಂಟಲಲ್ಲಿ ಆ ಹೆಸರು ಕೂಗಿದರು. ಚೆಂಡೆ ಎದ್ದಿತು. ನಾನು ಹೇಳಿದೆ... ಹೇಗೆ ಹೇಳಿದೆನೋ ಗೊತ್ತಿಲ್ಲ. ಸಭೆಯೂ ಸೇರಿಕೊಂಡಿತು. ರಾಯಚೂರು ಎಲ್ಲಿದೆಯೆಂದೇ ತಿಳಿಯದ ಹುಡುಗ ಹುಡುಗಿಯರು ಆ ಹೆಸರು ಕೂಗುತ್ತಿದ್ದರು.

ಹಿಂದಿನ ಗೇಟಿನ ಹತ್ತಿರ ವಯರು ಸುತ್ತುತ್ತಿದ್ದಾಗ ಚೇಟ್ಟನಿಗೆ ಹೊಡೆದರು. ಒಂದೇ ಏಟು, ಕಿವಿಯ ಮೇಲೆ. ನಾನು ಓಡಿ ಬರುವಷ್ಟರಲ್ಲಿ ಅವರು ನೆಲದಲ್ಲಿ ಕೂತಿದ್ದರು, ಹೊಡೆದವರು ಇರಲಿಲ್ಲ. ಠಾಣೆಗೆ ಹೋಗುವ ಅಂದೆ. ಅವರು ನನ್ನ ತುಟಿಯನ್ನೇ ನೋಡುತ್ತಿದ್ದರು.

"ಈ ಕಡೆ ಬಂದು ಹೇಳು ಕನ್ನಡಕ್ಕಾರಿ," ಅಂದರು. "ಎಡಗಡೆ ಏನೂ ಕೇಳುವುದಿಲ್ಲ."

ಬಲಗಡೆಗೆ ಹೋಗಿ ಮತ್ತೆ ಹೇಳಿದೆ. ಬೇಡವೆಂದು ತಲೆಯಾಡಿಸಿದರು. "ಹೋದರೆ ನಿನ್ನ ವಿಳಾಸವನ್ನೂ ಬರೆದುಕೊಳ್ಳುತ್ತಾರೆ. ನನಗೆ ಅದರದ್ದೇ ಭಯ."

ಆ ಕಿವಿ ಮತ್ತೆ ಕೇಳಲಿಲ್ಲ. ಸ್ವಲ್ಪ ದಿನ ಬಿಟ್ಟು ಪತ್ರಿಕೆಯೊಂದರಲ್ಲಿ ಗೋಡೆ ಬಿದ್ದ ಸುದ್ದಿ ಬಂತು. ಸತ್ತವನ ಹೆಸರು ಸರಿಯಾಗಿತ್ತು. ಅವನ ಹೆಂಡತಿ ಊರಿಗೆ ಹೋಗುವ ಮೊದಲು ಪತ್ರಿಕೆಯ ಆ ತುಂಡನ್ನು ಸೆರಗಿಗೆ ಕಟ್ಟಿಕೊಂಡಳು.

ಆಮೇಲೆ ನಾವು ಮಾಡಿದ್ದು ಒಂದೇ ಸಿ.ಡಿ. ಚೇಟ್ಟ ಎಲ್ಲ ಸದ್ದನ್ನೂ ಬಲಗಡೆಯ ಸ್ಪೀಕರಿನಲ್ಲಷ್ಟೇ ಕೇಳುವಂತೆ ಹಾಕಿದರು. "ನನಗೆ ಕೇಳುವಷ್ಟನ್ನೇ ಮಾಡುತ್ತೇನೆ," ಅಂದರು. ಚೆಂಡೆಯ ಗೆಳೆಯ ಗಲ್ಫಿಗೆ ಹೋದ. ಚೇಟ್ಟ ಚಾಲೈಗೆ ಮರಳಿ ಮಾವನ ಮಸಾಲೆ ಅಂಗಡಿಯಲ್ಲಿ ಕೂತರು. ನಾನೂ ಇದೇ ಊರಿಗೆ ಬಂದು ನೆಲೆಸಿದ ಮೇಲೆ ಆಗಾಗ ಹೋಗುತ್ತಿದ್ದೆ. ಎಡಗಡೆಯಿಂದ ಯಾರಾದರೂ ಹತ್ತಿರ ಬಂದರೆ ಅಷ್ಟು ದೊಡ್ಡ ಮನುಷ್ಯ ನಡುಗಿ ಗೋಡೆಗೆ ಒರಗುತ್ತಿದ್ದರು. ನಾನು ನೋಡದ ಹಾಗೆ ಇರುತ್ತಿದ್ದೆ. ಹೋದ ವರ್ಷ ಅವರು ತೀರಿಕೊಂಡರು.

ಈ ಸಂಜೆ ಮಗಳು ಇಯರ್‌ಫೋನ್ ಕೊಟ್ಟು ಯಾವುದೋ ಹೊಸ ಹುಡುಗರ ಹಾಡು ಕೇಳಿಸಿದಳು. ಎಡಗಡೆ ಪೂರ್ತಿ ಖಾಲಿ. "ಹಾಳಾಗಿದೆಯಾ?" ಅಂದೆ. ಅವಳು ನಕ್ಕು ಮಲಯಾಳದಲ್ಲಿ ಹೇಳಿದಳು. "ಇಲ್ಲ ಅಮ್ಮಾ, ಇದೊಂದು ಸ್ಟೈಲ್. ಹಳೇ ಒಂದು ಗುಂಪು ಶುರು ಮಾಡಿದ್ದಂತೆ. ಈಗ ಎಷ್ಟೋ ಜನ ಹೀಗೇ ಮಾಡುತ್ತಾರೆ. ಎಂಥ ಧೈರ್ಯ, ಅಲ್ಲವಾ?"

ಕೂತು ಎಲ್ಲವನ್ನೂ ಹೇಳಿದೆ, ಕನ್ನಡದಲ್ಲೇ. ಅವಳು ಇಯರ್‌ಫೋನ್ ಸುತ್ತಿ ಪಕ್ಕಕ್ಕಿಟ್ಟಳು.

"ಅಮ್ಮನಿಗೆ ಈಗಲೂ ಭಯ ಉಂಟಾ?"

"ಉಂಟು," ಎಂದೆ. ಆ ಭಯ ಎಂಥದೆಂದು ಬಿಡಿಸಿ ಹೇಳದೆಯೂ ತಿಳಿದುಕೊಳ್ಳುತ್ತಿದ್ದವರು ಚೇಟ್ಟ ಒಬ್ಬರೇ, ಅವರೂ ಈಗ ಇಲ್ಲ.